ಮಹಾವ್ಯಾಧದಲ್ಲಿ ಒಂದೇ ನಕ್ಷತ್ರ ಯಾಕೆ ಕೆಂಪು? ಈ ಏಳೂ ನಿಜಕ್ಕೂ ಅಕ್ಕಪಕ್ಕದಲ್ಲಿವೆಯಾ?

ಚುಕ್ಕಿಹುಡುಕಿ:
ಎಲ್ರಿಗೂ ನಮಸ್ಕಾರ. ಈ ಚಳಿಗಾಲ ಪೂರ್ತಿ ಮಹಾವ್ಯಾಧ, ಅದೇ ಓರಿಯನ್ ಅಂತಾರಲ್ಲ, ಅದನ್ನೇ ನೋಡ್ತಾ ಇದ್ದೀನಿ. ನಡುಪಟ್ಟಿಯ ಮೂರು, ಮೇಲೆ ಭುಜದ ಎರಡು, ಕೆಳಗೆ ಕಾಲಿನ ಎರಡು, ಇಷ್ಟೂ ಈಗ ಥಟ್ಟನೆ ಗುರುತು ಸಿಗುತ್ತೆ. ಆದ್ರೆ ನೋಡ್ತಾ ನೋಡ್ತಾ ಪ್ರಶ್ನೆ ಜಾಸ್ತಿ ಆಗ್ತಿದಾವೆ. ಭುಜದ ಬೀಟಲ್‌ಜ್ಯೂಸ್ ಒಂದೇ ಕೆಂಪಗೆ ಕಾಣುತ್ತೆ, ಉಳಿದ ಆರೂ ಬಿಳಿ-ನೀಲಿ, ಯಾಕೆ ಹೀಗೆ? ಇವೆಲ್ಲ ನಿಜವಾಗ್ಲೂ ಒಂದೇ ಕಡೆ ಇರೋವಾ ಅಥವಾ ನಮ್ಮ ಕಣ್ಣಿಗೆ ಮಾತ್ರ ಹಾಗೆ ಜೋಡಿಸಿಟ್ಟಂಗೆ ಕಾಣೋದಾ? ಇನ್ನೊಂದು, ಕಾಲಿನ ರೈಜೆಲ್ಲೇ ಜಾಸ್ತಿ ಹೊಳೆಯುತ್ತೆ, ಆದ್ರೂ ಬೀಟಲ್‌ಜ್ಯೂಸ್‌ಗೆ ಆಲ್ಫಾ ಅಂತ ಕೊಟ್ಟು ರೈಜೆಲ್‌ಗೆ ಬೀಟಾ ಅಂತ ಯಾಕೆ ಕೊಟ್ರು? ಗೊತ್ತಿರೋರು ಸ್ವಲ್ಪ ಬಿಡಿಸಿ ಹೇಳಿ.

ದೂರದರ್ಶಕ_72:
ದೂರದ ಪ್ರಶ್ನೆಯಿಂದ ಶುರು ಮಾಡ್ತೀನಿ, ನನಗೆ ಈ ನಕ್ಷತ್ರಪುಂಜದಲ್ಲಿ ತುಂಬಾ ಇಷ್ಟವಾದ ವಿಷಯ ಅದೇ. ಎಲ್ಲ ಒಂದೇ ಕಡೆ ಇಲ್ಲ. ಬಲಭಾಗದ ಭುಜ ಬೆಲ್ಲಾಟ್ರಿಕ್ಸ್ (ದಕ್ಷಿಣಕ್ಕೆ ಮುಖ ಮಾಡಿ ನಿಂತಾಗ ನಮ್ಮ ಬಲಕ್ಕೆ ಕಾಣೋದು) ಸುಮಾರು 250 ಜ್ಯೋತಿರ್ವರ್ಷ ದೂರ, ಏಳರಲ್ಲಿ ನಮಗೆ ಹತ್ತಿರದ್ದು ಅದು. ರೈಜೆಲ್ ಸುಮಾರು 860. ಎಡಗಡೆ ಕೆಳಗಿರೋ ಸೈಫ್ 650ರ ಆಸುಪಾಸು, ಪಟ್ಟಿಯ ಮೂರಂತೂ 1200 ಮತ್ತು ಅದಕ್ಕೂ ಆಚೆ. ನಡುವಿನ ಅಲ್ನಿಲಮ್‌ಗೆ ಕೆಲವು ಅಳತೆ 1200 ಅಂತವೆ, ಕೆಲವು 2000ದ ತನಕ ಹೋಗ್ತವೆ. ಇಷ್ಟು ವ್ಯತ್ಯಾಸ ಯಾಕೆ ಅಂದ್ರೆ ಅಷ್ಟು ದೂರದಲ್ಲಿ ಪ್ಯಾರಲ್ಯಾಕ್ಸ್ ಕೋನ (ಭೂಮಿ ಸೂರ್ಯನನ್ನ ಸುತ್ತುವಾಗ ನಕ್ಷತ್ರ ಸ್ವಲ್ಪ ಸರಿದಂಗೆ ಕಾಣೋದು, ದೂರ ಅಳೆಯೋದು ಅದರಿಂದಲೇ) ತೀರಾ ಚಿಕ್ಕದಾಗಿಬಿಡುತ್ತೆ, ಜೊತೆಗೆ ನಕ್ಷತ್ರಗಳ ದೂರ ಅಳೆದ ಗಯಾ ಉಪಗ್ರಹಕ್ಕೆ ಮಂದ ನಕ್ಷತ್ರಗಳನ್ನ ಅಳೆದಷ್ಟು ಚೆನ್ನಾಗಿ ಇಷ್ಟು ಪ್ರಕಾಶಮಾನವಾದವನ್ನ ಅಳೆಯಕ್ಕಾಗಲಿಲ್ಲ.

ಈಗ ಬೆಲ್ಲಾಟ್ರಿಕ್ಸ್ ಮತ್ತು ಅಲ್ನಿಲಮ್ ಎರಡನ್ನೂ ಒಟ್ಟಿಗೆ ನೋಡಿ. ಕಾಂತಿಮಾನ (ಹೊಳಪಿನ ಅಳತೆ, ಸಂಖ್ಯೆ ಕಮ್ಮಿ ಇದ್ದಷ್ಟೂ ಹೊಳಪು ಜಾಸ್ತಿ) ಒಂದಕ್ಕೆ 1.64, ಇನ್ನೊಂದಕ್ಕೆ 1.69, ಅಂದ್ರೆ ಬರೀ ಕಣ್ಣಿಗೆ ಎರಡೂ ಒಂದೇ ಥರ ಹೊಳೀತವೆ. ಆದ್ರೆ ಅಲ್ನಿಲಮ್ ಕಮ್ಮಿ ಅಂದ್ರೂ ನಾಲ್ಕೂವರೆ ಪಟ್ಟು ಆಚೆ ಇದೆ. ಬೆಳಕು ದೂರದ ವರ್ಗಕ್ಕೆ ತಕ್ಕಂತೆ ಕಮ್ಮಿ ಆಗುತ್ತೆ, ಹಾಗಾಗಿ ಇಷ್ಟು ದೂರದಿಂದ ಇಷ್ಟೇ ಹೊಳಪು ಕಾಣಬೇಕಾದ್ರೆ ಅದು ನಿಜದಲ್ಲಿ ಇಪ್ಪತ್ತು ಪಟ್ಟಿಗಿಂತ ಜಾಸ್ತಿ ಬೆಳಕು ಸುರೀತಿರಬೇಕು. ಆಕಾಶದಲ್ಲಿ ಅವೆರಡರ ಮಧ್ಯೆ ಇರೋದು ಒಂದು ಮುಷ್ಟಿ ಜಾಗ, ಆದ್ರೆ ಆ ಆಳ ಎಷ್ಟು ಅಂತ ಯೋಚ್ನೆ ಮಾಡಿ!

ರೈಜೆಲ್ ಇನ್ನೂ ಸ್ವಾರಸ್ಯ. ರಾತ್ರಿ ಆಕಾಶದಲ್ಲೇ ಅತಿ ಹೆಚ್ಚು ಹೊಳೆಯೋ ನಕ್ಷತ್ರ ಲುಬ್ಧಕ ತಾನೇ, ಅದು ಇರೋದು ಬರೀ 8.6 ಜ್ಯೋತಿರ್ವರ್ಷದಲ್ಲಿ. ರೈಜೆಲ್ ಅದಕ್ಕಿಂತ ನೂರು ಪಟ್ಟು ದೂರ. ಅದನ್ನ ಎಳೆದು ತಂದು ಲುಬ್ಧಕದ ಜಾಗದಲ್ಲಿ ಇಟ್ರೆ ಈಗಿನದಕ್ಕಿಂತ ಹತ್ತು ಸಾವಿರ ಪಟ್ಟು ಹೊಳೆಯುತ್ತೆ, ಕಾಂತಿಮಾನ ಹೆಚ್ಚುಕಮ್ಮಿ ಮೈನಸ್ 10, ಅಂದ್ರೆ ಅರ್ಧಚಂದ್ರನಷ್ಟು ಬೆಳಕು ಒಂದೇ ಚುಕ್ಕಿಯಿಂದ.

ಹಾಗಂತ ಎಲ್ಲವೂ ಬರೀ ಕಾಕತಾಳೀಯ ಅಂತಾನೂ ಅಲ್ಲ. ಪಟ್ಟಿಯ ಮೂರೂ ಓರಿಯನ್ ಓಬಿ1 ಅನ್ನೋ ದೊಡ್ಡ ಬಳಗಕ್ಕೆ ಸೇರಿದವು. ಪಟ್ಟಿಯ ಕೆಳಗೆ ಮಬ್ಬಾಗಿ ಕಾಣೋ ಓರಿಯನ್ ನೀಹಾರಿಕೆ ಇದೆಯಲ್ಲ, ಸುಮಾರು 1340 ಜ್ಯೋತಿರ್ವರ್ಷ ದೂರದಲ್ಲಿ ಇವತ್ತಿಗೂ ಹೊಸ ನಕ್ಷತ್ರ ಹುಟ್ಟಿಸ್ತಾ ಇರೋದು, ಅದೂ ಇದೇ ಪ್ರದೇಶದ್ದೇ. ಒಂದೇ ಪುಂಜದಲ್ಲಿ ಇಷ್ಟೊಂದು ಬಿಸಿಯಾದ ನೀಲಿ ನಕ್ಷತ್ರ ಇರೋದಕ್ಕೆ ಕಾರಣಾನೂ ಇದೇ, ಇವೆಲ್ಲ ಹೊಸಬು. ನಮ್ಮ ಸೂರ್ಯನಿಗೆ 460 ಕೋಟಿ ವರ್ಷ, ಇವಕ್ಕೆ ಕೆಲವೇ ದಶಲಕ್ಷ ವರ್ಷ. ಇಷ್ಟು ಭಾರದ ನಕ್ಷತ್ರಗಳು ಜಾಸ್ತಿ ಕಾಲ ಬದುಕೋದೇ ಇಲ್ಲ, ಇಂಧನ ಬೇಗ ಸುಟ್ಟು ಮುಗಿಸಿಬಿಡ್ತವೆ.

ಆಲ್ಫಾ-ಬೀಟಾ ವಿಷ್ಯ: ಆ ಗ್ರೀಕ್ ಅಕ್ಷರಗಳನ್ನ 1603ರಲ್ಲಿ ತಮ್ಮ ನಕ್ಷತ್ರ ನಕ್ಷೆಯಲ್ಲಿ ಜರ್ಮನಿಯ ಯೋಹಾನ್ ಬೇಯರ್ ಕೊಟ್ಟಿದ್ದು. ಅವರ ಹತ್ರ ಹೊಳಪು ಅಳೆಯೋ ಸಾಧನ ಇರ್ಲಿಲ್ಲ, ಮೊದಲ ದರ್ಜೆ, ಎರಡನೇ ದರ್ಜೆ ಅಂತ ಗುಂಪು ಮಾಡಿ ಅಕ್ಷರ ಹಂಚಿದ್ರು, ಒಂದೇ ದರ್ಜೆ ಒಳಗೆ ಯಾವುದು ಮೊದಲು ಅನ್ನೋದಕ್ಕೆ ಹೊಳಪೇ ಲೆಕ್ಕ ಅಂತ ಇರ್ಲಿಲ್ಲ. ಇವೆರಡೂ ಮೊದಲ ದರ್ಜೆಯವೇ.

ಕೆಂಪುಚುಕ್ಕಿ:
ಬಣ್ಣದ್ದು ನಾನು ಹೇಳ್ತೀನಿ. ನಕ್ಷತ್ರದ ಬಣ್ಣ ಅಂದ್ರೆ ಅದರ ಮೇಲ್ಮೈ ಎಷ್ಟು ಬಿಸಿ ಅನ್ನೋದರ ಲೆಕ್ಕ. ಬೀಟಲ್‌ಜ್ಯೂಸ್ ಸುಮಾರು 3500 ಕೆಲ್ವಿನ್, ನಮ್ಮ ಸೂರ್ಯ 5800, ರೈಜೆಲ್ 12,000, ಸೈಫ್ 26,000ದ ಹತ್ತಿರ, ಪಟ್ಟಿಯವು ಅದಕ್ಕೂ ಒಂದು ಕೈ ಮೇಲೆ. ತಣ್ಣಗಿರೋದು ಕೆಂಪು, ಬಿಸಿ ಇರೋದು ನೀಲಿ. ಸೈಫ್ ಇಷ್ಟು ಬಿಸಿ ಇದ್ರೂ ರೈಜೆಲ್‌ಗಿಂತ ಮಂಕಾಗಿ ಕಾಣೋದು ಯಾಕೆ ಅಂತ ಕೇಳಬಹುದು, ಅದರ ಬೆಳಕಲ್ಲಿ ಬಹುಪಾಲು ನೇರಳಾತೀತಕ್ಕೆ ಹೋಗಿಬಿಡುತ್ತೆ, ನಮ್ಮ ಕಣ್ಣಿಗೆ ಸಿಗೋದು ಉಳಿದ ಪಾಲು ಮಾತ್ರ.

ಬೀಟಲ್‌ಜ್ಯೂಸ್ ತಣ್ಣಗಿದ್ರೂ ಇಷ್ಟು ಹೊಳೆಯೋಕೆ ಕಾರಣ ಅದರ ಗಾತ್ರ. ಸೂರ್ಯನ ಜಾಗದಲ್ಲಿ ಅದನ್ನ ಇಟ್ರೆ ಬುಧ, ಶುಕ್ರ, ಭೂಮಿ ಎಲ್ಲ ಅದರ ಹೊಟ್ಟೆಯೊಳಗೆ, ಮಂಗಳನ ಕಕ್ಷೆನೂ ದಾಟಿ ಹೋಗುತ್ತೆ. 1920ರಲ್ಲಿ ಮೈಕಲ್‌ಸನ್ ಮತ್ತು ಪೀಸ್ ಮೌಂಟ್ ವಿಲ್ಸನ್‌ನ ನೂರು ಇಂಚಿನ ದೂರದರ್ಶಕಕ್ಕೆ ಇಂಟರ್‌ಫೆರೋಮೀಟರ್ (ಬೇರೆ ಬೇರೆ ಕಡೆ ಬಿದ್ದ ಬೆಳಕನ್ನ ಒಟ್ಟಿಗೆ ಸೇರಿಸಿ ಅಳೆಯೋ ಸಾಧನ) ಕೂರಿಸಿ ಇದರ ವ್ಯಾಸ ಅಳೆದ್ರು, ಸೂರ್ಯನನ್ನ ಬಿಟ್ರೆ ಹಾಗೆ ವ್ಯಾಸ ಅಳೆಸಿಕೊಂಡ ಮೊದಲ ನಕ್ಷತ್ರ ಇದೇ. ಇದೂ ಮುಂಚೆ ಉಳಿದವರ ಥರ ನೀಲಿಯಾಗೇ ಇತ್ತು, ಒಳಗಿನ ಹೈಡ್ರೋಜನ್ ಮುಗಿದ ಮೇಲೆ ಹೊರಪದರ ಉಬ್ಬಿ ತಣ್ಣಗಾಗಿ ಕೆಂಪಾಗಿದೆ.

ಹೊಳಪು ಏರಿಳಿಯೋದನ್ನ 1836ರಲ್ಲೇ ಜಾನ್ ಹರ್ಷಲ್ ಗಮನಿಸಿದ್ರು. ಸಾಮಾನ್ಯವಾಗಿ 400 ದಿನದ ಆಸುಪಾಸಿನ ಒಂದು ಏರಿಳಿತ ಇರುತ್ತೆ. ಆದ್ರೆ 2019ರ ಕೊನೆಗೆ ಅದು ಇಳಿಯೋಕೆ ಶುರುವಾಗಿದ್ದು ನಿಲ್ಲಲೇ ಇಲ್ಲ, 2020ರ ಫೆಬ್ರವರಿ ಹೊತ್ತಿಗೆ ಕಾಂತಿಮಾನ 1.6ಕ್ಕೆ ಬಂತು, ಮಾಮೂಲಿ ಹೊಳಪಿನ ಮೂರನೇ ಒಂದು ಪಾಲಿನಷ್ಟು. ಬೆಲ್ಲಾಟ್ರಿಕ್ಸ್ ಪಕ್ಕ ಇಟ್ಟು ನೋಡಿದ್ರೆ ಎರಡೂ ಸಮ ಸಮ! ಯಾವ ಉಪಕರಣಾನೂ ಬೇಡ, ಬರೀ ಕಣ್ಣಿಗೆ ಒಂದು ನಕ್ಷತ್ರ ಬದಲಾಗೋದು ಗೊತ್ತಾಗ್ತಿತ್ತು, ಅಂಥ ಅವಕಾಶ ಎಷ್ಟು ಸಲ ಸಿಗುತ್ತೆ ಹೇಳಿ. ಆಮೇಲೆ ಗೊತ್ತಾಗಿದ್ದು ಏನಂದ್ರೆ, ನಕ್ಷತ್ರ ತನ್ನ ಮೇಲ್ಮೈಯಿಂದ ದೊಡ್ಡ ಅನಿಲದ ಉಂಡೆ ಒಂದನ್ನ ಉಗುಳಿತ್ತು, ಆ ಅನಿಲ ತಣ್ಣಗಾಗಿ ಧೂಳಾಗಿ ನಮಗೂ ಅದಕ್ಕೂ ಅಡ್ಡ ಬಂತು, ಮೇಲ್ಮೈಯ ಒಂದು ಭಾಗಾನೂ ಆವಾಗ ತಣ್ಣಗಾಗಿತ್ತು.

ಬಾನಾಡಿ:
ಬೀಟಲ್‌ಜ್ಯೂಸ್ ಆಗಲೇ ಸಿಡಿದುಹೋಗಿದೆ, ಬೆಳಕು ಇನ್ನೂ ನಮ್ಮ ತನಕ ಬಂದಿಲ್ಲ ಅಷ್ಟೇ ಅಂತ ಎಲ್ಲ ಕಡೆ ಓದ್ತೀನಲ್ಲ, ಅದು ನಿಜಾನಾ?

ಕೆಂಪುಚುಕ್ಕಿ:
@ಬಾನಾಡಿ ಲೆಕ್ಕ ಹಾಕಿ ನೋಡಿ. ಅದು ಸೂಪರ್‌ನೋವಾ ಆಗೋದು ಖಂಡಿತ, ಆದ್ರೆ ಇನ್ನೊಂದು ಲಕ್ಷ ವರ್ಷದ ಒಳಗೆ ಯಾವಾಗಾದ್ರೂ ಅನ್ನೋದು ಸಾಮಾನ್ಯ ಅಂದಾಜು. ನಾವು ಈಗ ನೋಡ್ತಿರೋ ಬೆಳಕು ಹೊರಟು 550ರಿಂದ 700 ವರ್ಷ ಆಗಿದೆ. ಲಕ್ಷದಲ್ಲಿ 700 ಅಂದ್ರೆ ನೂರಕ್ಕೆ ಒಂದಕ್ಕಿಂತ ಕಮ್ಮಿ. ಹಾಗಾಗಿ ಅದು ಇನ್ನೂ ಹಾಗೇ ಇದೆ ಅಂತ ಧೈರ್ಯವಾಗಿ ಹೇಳಬಹುದು. ಸಿಡಿದಾಗ ಹಗಲಲ್ಲೂ ಕಾಣುತ್ತೆ, ಆದ್ರೆ ಇಷ್ಟು ದೂರದಿಂದ ನಮಗೆ ಏನೂ ಅಪಾಯ ಇಲ್ಲ.

ರೋಹಿತಪ್ರಿಯ:
ಎಲ್ರೂ ಬೀಟಲ್‌ಜ್ಯೂಸ್ ರೈಜೆಲ್ ಅಂತಾನೇ ಮಾತಾಡ್ತೀರಿ, ಪಟ್ಟಿಯ ಮೂರರಲ್ಲಿ ಮೊದಲು ದಿಗಂತದಿಂದ ಮೇಲೇರೋ ಮಿಂಟಕದ ಬಗ್ಗೆ ಒಂದು ಮಾತು ಹೇಳಲೇಬೇಕು. ಮೊದಲನೇದು, ಅದು ಆಕಾಶದ ಸಮಭಾಜಕ ವೃತ್ತದ (ಭೂಮಿಯ ಸಮಭಾಜಕದ ನೇರ ಮೇಲೆ ಆಕಾಶದಲ್ಲಿ ಎಳೆದಂಥ ಗೆರೆ) ಮೇಲೇ ಹೆಚ್ಚುಕಮ್ಮಿ ಕೂತಿದೆ, ಅದಕ್ಕೇ ಭೂಮಿಯ ಯಾವ ಮೂಲೆಯಿಂದ ನೋಡಿದ್ರೂ (ಧ್ರುವ ಬಿಟ್ಟು) ಪೂರ್ವಕ್ಕೇ ಹುಟ್ಟಿ ಪಶ್ಚಿಮಕ್ಕೇ ಮುಳುಗುತ್ತೆ, ದಿಕ್ಕು ತಿಳ್ಕೊಳ್ಳೋಕೆ ಇದಕ್ಕಿಂತ ಒಳ್ಳೇ ನಕ್ಷತ್ರ ಇಲ್ಲ ಅನ್ನೋದು ನನ್ನ ಅಭಿಪ್ರಾಯ.

ಎರಡನೇದು ಇನ್ನೂ ದೊಡ್ಡದು. ಮಿಂಟಕ ಒಂದೇ ನಕ್ಷತ್ರ ಅಲ್ಲ, ಅದರಲ್ಲಿ ಎರಡು 5.7 ದಿನಕ್ಕೊಮ್ಮೆ ಒಂದನ್ನೊಂದು ಸುತ್ತುತ್ತವೆ. ಹಾಗೆ ಸುತ್ತುವಾಗ ರೋಹಿತದ (ಬಣ್ಣಗಳಾಗಿ ಬಿಡಿಸಿದ ಬೆಳಕಿನ) ಗೆರೆಗಳು ಆ ಕಡೆ ಈ ಕಡೆ ಸರೀತವೆ, ನಕ್ಷತ್ರ ನಮ್ಮ ಕಡೆ ಬಂದಾಗ ಒಂದು ಕಡೆ, ದೂರ ಹೋದಾಗ ಇನ್ನೊಂದು ಕಡೆ, ಇದೇ ಡಾಪ್ಲರ್ ಪರಿಣಾಮ. 1904ರಲ್ಲಿ ಯೋಹಾನೆಸ್ ಹಾರ್ಟ್‌ಮನ್ ಇದನ್ನ ಅಳೀತಾ ಇದ್ದಾಗ ಕ್ಯಾಲ್ಸಿಯಂನ ಒಂದು ಗೆರೆ ಮಾತ್ರ ಜಪ್ಪಯ್ಯ ಅಂದ್ರೂ ಜಾಗ ಬಿಟ್ಟು ಕದಲ್ತಿಲ್ಲ ಅಂತ ಗಮನಿಸಿದ್ರು. ನಕ್ಷತ್ರದ ಗೆರೆ ಆಗಿದ್ರೆ ಅದೂ ಸರೀಬೇಕಿತ್ತು ತಾನೇ? ಸರೀಲಿಲ್ಲ ಅಂದ್ರೆ ಆ ಕ್ಯಾಲ್ಸಿಯಂ ನಕ್ಷತ್ರದಲ್ಲಿಲ್ಲ, ನಮಗೂ ಅದಕ್ಕೂ ನಡುವಿನ ಜಾಗದಲ್ಲಿ ಎಲ್ಲೋ ಇದೆ. ನಕ್ಷತ್ರಗಳ ಮಧ್ಯೆ ಏನೂ ಇಲ್ಲ, ಖಾಲಿ ಅಂದ್ಕೊಂಡಿದ್ದ ಜಾಗದಲ್ಲಿ ಅನಿಲ ಇದೆ ಅಂತ ತೋರಿಸಿಕೊಟ್ಟಿದ್ದು ಈ ಒಂದು ಗೆರೆ. ಮುಂದಿನ ಸಲ ಪಟ್ಟಿ ನೋಡುವಾಗ ಮೇಲ್ತುದಿಯ ಈ ನಕ್ಷತ್ರನ ದಯವಿಟ್ಟು ಒಂದು ಗಳಿಗೆ ಜಾಸ್ತಿ ನೋಡಿ.

ಚುಕ್ಕಿಹುಡುಕಿ:
ಎಲ್ರಿಗೂ ತುಂಬಾ ಥ್ಯಾಂಕ್ಸ್, ಇಷ್ಟು ವಿವರ ಸಿಗುತ್ತೆ ಅಂದ್ಕೊಂಡಿರ್ಲಿಲ್ಲ, ಮಿಂಟಕದ ಕಥೆ ಅಂತೂ ಅದ್ಭುತ. ಕೊನೇ ಪ್ರಶ್ನೆ, ಕಣ್ಣಿಗೆ ಬೀಟಲ್‌ಜ್ಯೂಸ್ ಕೆಂಪು ಅಂತ ಗೊತ್ತಾಗುತ್ತೆ, ಆದ್ರೆ ಕ್ಯಾಮೆರಾದಲ್ಲಿ ಟ್ರೈಪಾಡ್ ಹಾಕಿ ತೆಗೆದ್ರೆ ಏಳೂ ಬೆಳ್ಳಗೇ ಬರ್ತವೆ. ಸೆಟ್ಟಿಂಗ್ ಏನಾದ್ರೂ ಬದಲಾಯಿಸಬೇಕಾ?

ದೂರದರ್ಶಕ_72:
ಎಕ್ಸ್‌ಪೋಶರ್ ಜಾಸ್ತಿ ಆಗಿ ಸೆನ್ಸರ್‌ನಲ್ಲಿ ಆ ಚುಕ್ಕಿ ತುಂಬಿ ತುಳುಕ್ತಿದೆ, ಕೆಂಪು, ಹಸಿರು, ನೀಲಿ ಮೂರೂ ಗರಿಷ್ಠ ಮುಟ್ಟಿದ್ರೆ ಉಳಿಯೋದು ಬಿಳಿನೇ. ಫೋಕಸ್ ಸರಿಯಾಗಿ ಕೂರಿಸಿ ಒಂದು ತೆಗೀರಿ, ಆಮೇಲೆ ಬೇಕಂತಲೇ ಫೋಕಸ್ ಸ್ವಲ್ಪ ತಪ್ಪಿಸಿ ಇನ್ನೊಂದು ತೆಗೀರಿ. ಪ್ರತಿ ನಕ್ಷತ್ರ ಒಂದು ಪುಟ್ಟ ಬಿಲ್ಲೆ ಥರ ಅಗಲ ಆಗುತ್ತೆ, ಬೆಳಕು ಹರಡೋದ್ರಿಂದ ಯಾವ ಬಣ್ಣಾನೂ ತುಂಬಿ ಹೋಗಲ್ಲ, ಬೀಟಲ್‌ಜ್ಯೂಸ್ ಕಿತ್ತಳೆ, ರೈಜೆಲ್ ತಿಳಿನೀಲಿ, ಎದ್ದು ಕಾಣುತ್ತೆ. ವೈಟ್ ಬ್ಯಾಲೆನ್ಸ್ ಆಟೋದಲ್ಲಿ ಬಿಡಬೇಡಿ, ಡೇಲೈಟ್‌ಗೆ ಇಡಿ. ದಿಗಂತದ ಹತ್ರ ಇದ್ದಾಗ ತೆಗೀಬೇಡಿ, ಅಲ್ಲಿ ಗಾಳಿಯಿಂದ ಎಲ್ಲ ಬಣ್ಣಾನೂ ಮಿಣಮಿಣ ಅಂತ ಬದಲಾಗ್ತಿರುತ್ತೆ, ಜೊತೆಗೆ ಎಲ್ಲವೂ ಇರೋದಕ್ಕಿಂತ ಕೆಂಪಗೆ ಕಾಣುತ್ತೆ. ಪುಂಜ ಚೆನ್ನಾಗಿ ಮೇಲೆ ಬಂದ ಮೇಲೆ ತೆಗೆದು ಇಲ್ಲಿ ಹಾಕಿ, ಸೈಫ್‌ನ ನೀಲಿ ಹೇಗೆ ಬಂತು ಅಂತ ನೋಡೋ ಆಸೆ ನನಗಿದೆ.