ಬೀಟೆ ನಾಟಾ ಕೇಸು, ಖಾಲಿ ಹಾಳೆಗೆ ಸೈನ್ ಹಾಕಿಸ್ಕೊಂಡಿದಾರೆ, ಎಂತ ಮಾಡೋದು?

ಮಳೆಗಾಲ77:
ನಮ್ದು ಶಿವಮೊಗ್ಗ ಜಿಲ್ಲೆ, ಘಟ್ಟದ ಕಡೆ ಊರು. ಭಾವ ಪಿಕಪ್ ಓಡಿಸ್ತಾರೆ. ನಾಲ್ಕು ದಿನದ ಹಿಂದೆ ಯಾರೋ ಬಾಡಿಗೆಗೆ ಕರೆದ್ರು ಅಂತ ಹೋದ್ರೆ ಲೋಡಲ್ಲಿ ಬೀಟೆ ನಾಟಾ (ಮರದ ದಿಮ್ಮಿ) ಇತ್ತಂತೆ, ಫಾರೆಸ್ಟ್‌ನೋರು ಹಿಡ್ದು ಗಾಡಿ ಸೀಜ್ ಮಾಡಿ ಎಫ್‌ಓಸಿ (ಅರಣ್ಯ ಅಪರಾಧದ ಕೇಸು) ಹಾಕಿದ್ರು. ತಪ್ಪಿದ್ರೆ ಕೋರ್ಟ್ ನೋಡ್ಕೊಳ್ಲಿ, ಅದಕ್ಕೆ ನಂದು ತಕರಾರಿಲ್ಲ. ಆದ್ರೆ ಅರೆಸ್ಟ್ ಅಂತ ತೋರಿಸ್ದೇ ರಾತ್ರಿಯೆಲ್ಲಾ ಕೂರ್ಸಿ ಅಂಗಾಲಿಗೆ ಹೊಡ್ದು ಎರಡು ಖಾಲಿ ಹಾಳೆಗೆ ಸೈನ್ ಹಾಕಿಸ್ಕೊಂಡು ಬೆಳಿಗ್ಗೆ ಬಿಟ್ಟಿದಾರೆ. ಆವತ್ತಿಂದ ದಿನಾ ಫೋನು, ಉಳಿದೋರ ಹೆಸ್ರು ಹೇಳು ಇಲ್ದಿದ್ರೆ ಹಳೇ ಕೇಸೆಲ್ಲಾ ನಿನ್ ತಲೆಗೆ ಕಟ್ತೀವಿ ಅಂತ. ಅಕ್ಕ ಸರಿಯಾಗಿ ಊಟಾನೇ ಮಾಡ್ತಿಲ್ಲ. ದೂರು ಎಲ್ಲಿ ಕೊಡೋದು, ಕೊಟ್ರೆ ಇನ್ನೂ ಜಾಸ್ತಿ ಮಾಡ್ತಾರಾ?

ಅಡಕೆಗೊನೆ:
ಮೊದ್ಲು ಆಸ್ಪತ್ರೆ ಮಾರಾಯ್ರೆ! ಬಾವು ಇಳಿಯೋಕ್ ಮುಂಚೆ ತಾಲೂಕ್ ಆಸ್ಪತ್ರೇಲೋ ಶಿವಮೊಗ್ಗದ ಮೆಗ್ಗಾನಲ್ಲೋ ತೋರ್ಸಿ, ಯಾರು ಯಾವಾಗ ಹೊಡೆದ್ರು ಅಂತ ಹೇಳಿ ಎಂಎಲ್‌ಸಿ (ಕೋರ್ಟಿಗೆ ಬೇಕಾಗೋ ಗಾಯದ ದಾಖಲೆ) ಬರೆಸಿ. ನಮ್ಮೂರಲ್ಲಿ ಒಬ್ರು ಹೆದ್ರಿ ಅಡಕೆ ಮರದಿಂದ ಬಿದ್ದೆ ಅಂದ್ಬಿಟ್ರು, ಆಮೇಲೆ ಕೋರ್ಟಲ್ಲಿ ಅದೇ ಚೀಟಿ ಅವರಿಗೇ ತಿರುಗಿ ಬಂತು. ಫೋನ್ ಕಾಲ್ ಯಾವ್ದೂ ಡಿಲೀಟ್ ಮಾಡ್ಬೇಡಿ.

ಕರಿಕೋಟು:
ನಾನು ವಕೀಲ. ನಾಟಾ ಕೇಸ್ ಬೇರೆ, ಹೊಡೆದಿದ್ದು ಬೇರೆ, ಒಂದನ್ನ ಬಿಟ್ರೆ ಇನ್ನೊಂದು ಬಿಡ್ತೀವಿ ಅಂತ ರಾಜಿಗೆ ಕರೀತಾರೆ, ಹೋಗ್ಬೇಡಿ. ಅರೆಸ್ಟ್ ಭಯ ಇದ್ರೆ ಸೆಷನ್ಸ್ ಕೋರ್ಟಲ್ಲಿ ನಿರೀಕ್ಷಣಾ ಜಾಮೀನು, ಹಳೇ ಸಿಆರ್‌ಪಿಸಿ 438, ಈಗ ಅದರ ಬದಲು ಬಂದಿರೋ ಬಿಎನ್‌ಎಸ್‌ಎಸ್ ಕಾನೂನಿನ 482. (ಹಳೇ 482 ಅಂದ್ರೆ ಕೇಸ್ ರದ್ದು ಮಾಡ್ಸೋದು, ಅದೀಗ 528, ನಾವೇ ಇನ್ನೂ ತಡವರಿಸ್ತೀವಿ.) ಹಿಡಿದ್ರೆ 24 ಗಂಟೆ ಒಳಗೆ ಮ್ಯಾಜಿಸ್ಟ್ರೇಟ್ ಮುಂದೆ ನಿಲ್ಲಿಸ್ಲೇಬೇಕು, ಖಾಕಿ ಯಾವ ಇಲಾಖೇದಾದ್ರೂ ಅಷ್ಟೇ.

ಖಾಲಿ ಹಾಳೆ ಸಣ್ಣ ವಿಷ್ಯ ಅಲ್ಲ, ಸೈನ್ ಮೇಲೆ ತಪ್ಪೊಪ್ಪಿಗೆ ಬರ್ಕೋಬೋದು. ಪೊಲೀಸರ ಮುಂದೆ ತಪ್ಪೊಪ್ಕೊಂಡಿದ್ದು ಕೋರ್ಟಲ್ಲಿ ನಡೆಯಲ್ಲ, ಆದ್ರೆ ಫಾರೆಸ್ಟ್ ಆಫೀಸರ್ ಪೊಲೀಸ್ ಅಲ್ಲ ಅಂತ ಕೋರ್ಟುಗಳು ಹೇಳಿರೋದ್ರಿಂದ ಆ ರಕ್ಷಣೆ ಇಲ್ಲಿ ಸಲೀಸಾಗಿ ಸಿಗಲ್ಲ, ಹೊಡೆದು ಬರೆಸ್ಕೊಂಡಿದ್ದು ಅಂತ ನೀವು ಗಟ್ಟಿಯಾಗಿ ಹೇಳ್ಬೇಕು. ಇವತ್ತೇ ಡಿಎಫ್‌ಓಗೆ (ಅರಣ್ಯ ವಿಭಾಗದ ಮುಖ್ಯ ಅಧಿಕಾರಿ), ಎಸ್ಪಿಗೆ ಸ್ಪೀಡ್ ಪೋಸ್ಟ್ ಹಾಕಿ. ಮೂರ್ ತಿಂಗಳ ಮೇಲೆ ಹೇಳಿದ್ರೆ ವಕೀಲ ಹೇಳ್ಕೊಟ್ಟಿದ್ದು ಅಂತಾರೆ. ತಪ್ಪೊಪ್ಸೋಕೆ ಹೊಡೆಯೋದು ಬಿಎನ್‌ಎಸ್ (ಹಳೇ ಐಪಿಸಿ ಬದಲು ಬಂದಿದ್ದು) 120, 7 ವರ್ಷದವರೆಗೆ ಶಿಕ್ಷೆ. ಸ್ಟೇಷನಲ್ಲೂ ಎಸ್ಪಿ ಹತ್ರಾನೂ ಆಗ್ಲಿಲ್ಲಾಂದ್ರೆ ಮ್ಯಾಜಿಸ್ಟ್ರೇಟ್ ಕೋರ್ಟಲ್ಲಿ ಪಿಸಿಆರ್ (ಖಾಸಗಿ ದೂರು) ಹಾಕಿ. ಸರ್ಕಾರಿ ನೌಕರ, ಕೇಸ್ ನಡೆಸೋಕೆ ಸರ್ಕಾರದ ಅನುಮತಿ ಬೇಕು ಅಂತ ಅಡ್ಡ ಹಾಕ್ತಾರೆ, ಅಂಗಾಲಿಗೆ ಹೊಡೆಯೋದು ಯಾವ ಡ್ಯೂಟಿ ಅಂತ ನಾವು ಕೇಳ್ತೀವಿ. ರಾಜ್ಯ ಮಾನವ ಹಕ್ಕುಗಳ ಆಯೋಗಕ್ಕೆ ನೀವೇ ಬರೀಬೋದು, 1 ವರ್ಷದೊಳಗೆ.

ಗಾಡಿ ಮರೀಬೇಡಿ. ಅರಣ್ಯ ಕಾಯ್ದೆ 1963ರ 71ಎ ಪ್ರಕಾರ ಇಲಾಖೆ ಅಧಿಕಾರೀನೇ ಮುಟ್ಟುಗೋಲು ಹಾಕ್ಬೋದು, ಕೇಸ್ ಮುಗಿಯೋತನಕ ಕಾಯಲ್ಲ. ನೋಟಿಸ್ ಬಂದ್ರೆ ಉತ್ತರ ಕೊಡ್ಲೇಬೇಕು. ಆದೇಶ ಆದ್ರೆ 30 ದಿನದಲ್ಲಿ ಸೆಷನ್ಸ್‌ಗೆ ಅಪೀಲು.

ಕಾನುಮನೆ:
ನಮ್ಮಪ್ಪ ಫಾರೆಸ್ಟ್ ವಾಚರ್ ಆಗಿದ್ರು. ನಾಟಾ ಕಳ್ರು ಕತ್ತಿ ಹಿಡ್ಕೊಂಡ್ ಬರೋವಾಗ ಇವರ ಕೈಲಿ ಇದ್ದಿದ್ದು ಬರೀ ಟಾರ್ಚು. ಹಾಗಂತ ಹೊಡೆದಿದ್ದು ಸರಿ ಅಂತಿಲ್ಲ. ಆದ್ರೆ ಭಾವನ್ನ ಕೂರ್ಸಿ ಕೇಳಿ, ರಾತ್ರಿ ಹೊತ್ತು ಅಷ್ಟು ಭಾರದ ಲೋಡು ಎಂತದ್ದು ಅಂತ ಗೊತ್ತಾಗ್ಲೇ ಇಲ್ವಾ? ವಕೀಲರ ಹತ್ರ ಸುಳ್ಳು ಹೇಳಿದ್ರೆ ಎರಡೂ ಕೇಸು ಕೆಡುತ್ತೆ.

ಮಳೆಗಾಲ77:
ಎಂಎಲ್‌ಸಿ ಆಯ್ತು. ಫೀಸಿಗೆ ದುಡ್ಡಿಲ್ಲ ಸರ್, ಗಾಡಿ ಲೋನೇ ಬಾಕಿ ಇದೆ.

ಕರಿಕೋಟು:
15100ಕ್ಕೆ ಫೋನ್ ಮಾಡಿ, ಇಲ್ಲಾ ಕೋರ್ಟ್ ಆವರಣದಲ್ಲಿ ಕಾನೂನು ಸೇವಾ ಪ್ರಾಧಿಕಾರ ಅಂತ ಕೇಳಿ. ಎಸ್ಸಿ ಎಸ್ಟಿ, ಹೆಂಗಸ್ರು, ಕಸ್ಟಡೀಲಿರೋರಿಗೆ ಆದಾಯ ನೋಡಲ್ಲ, ಉಳಿದೋರು ಆದಾಯ ಪ್ರಮಾಣಪತ್ರ ತಗೊಂಡ್ ಹೋಗಿ. ಬಾಡಿಗೆಗೆ ಕರೆದೋನ ನಂಬರ್ ಇದ್ಯಾ?

ಮಳೆಗಾಲ77:
ಇದೆ ಸರ್. ಆವತ್ತಿಂದ ಸ್ವಿಚ್ ಆಫ್.