‘ಪೋಷಕ ನಟ’ ಎಂಬ ಪದ ಮೂಕಿ ಕಾಲದವರಿಗೆ ಹೊಂದುತ್ತದೆಯೇ?

ಬಳಗದ ಎಲ್ಲರಿಗೂ ನಮಸ್ಕಾರ.

ಚಾರ್ಲಿ ಚಾಪ್ಲಿನ್ ಚಿತ್ರಗಳಲ್ಲಿ ನಟಿಸಿದ ಎರಿಕ್ ಕ್ಯಾಂಪ್‌ಬೆಲ್ ಕುರಿತು ಲೇಖನವೊಂದನ್ನು ಬರೆಯುತ್ತಿದ್ದೇನೆ. ‘ಮೂಕಿ ಚಿತ್ರಗಳ ಪೋಷಕ ನಟ’ ಎಂಬಲ್ಲಿಗೆ ಲೇಖನಿ ನಿಂತಿದೆ. (‘ಮೂಕಿ’ಯ ತಕರಾರು ಬೇಡ, ‘ಟಾಕಿ’ಗೆ ಜೋಡಿಯಾಗಿ ಕೂರುವ ಆ ಪದವನ್ನು ಬಿಟ್ಟುಕೊಡಲು ನನಗೆ ಮನಸ್ಸಿಲ್ಲ.) ತೊಡಕಿರುವುದು ‘ಪೋಷಕ’ದಲ್ಲಿ.

ಪೋಷಕ ನಟ ಎಂದೊಡನೆ ನಮ್ಮ ಕಣ್ಣ ಮುಂದೆ ಬರುವವರು ಕೆ.ಎಸ್. ಅಶ್ವಥ್: ಹೆಗಲ ಮೇಲೊಂದು ಶಲ್ಯ, ತುಂಬಿದ ಕಣ್ಣು, ಮಕ್ಕಳ ಚಿಂತೆ. ಶಾಲೆಯವರು ‘ಪೋಷಕರ ಸಭೆ’ ಕರೆದೂ ಕರೆದೂ ಆ ಪದಕ್ಕೆ ತಂದೆತಾಯಿಯ ಛಾಯೆ ಗಟ್ಟಿಯಾಗಿ ಅಂಟಿಕೊಂಡಿದೆ. ಕ್ಯಾಂಪ್‌ಬೆಲ್ ಆದರೋ ಆರಡಿ ಮೀರಿದ ದೈತ್ಯ. ಹುಬ್ಬುಗಳನ್ನು ಹಣೆಯತ್ತ ಏರುವಂತೆ ಕಪ್ಪಾಗಿ ತೀಡಿಕೊಂಡು ಬಂದು ನಿಂತರೆ ಚಾಪ್ಲಿನ್ ಅರ್ಧಕ್ಕಿಳಿದಂತೆ ಕಾಣುತ್ತಿದ್ದ. 1916-17ರಲ್ಲಿ ಮ್ಯೂಚುವಲ್ ಕಂಪನಿಗೆ ಚಾಪ್ಲಿನ್ ಮಾಡಿಕೊಟ್ಟ 12 ಚಿತ್ರಗಳ ಪೈಕಿ 11ರಲ್ಲಿ ಈತನಿದ್ದಾನೆ. ಇಲ್ಲದಿರುವುದು ‘ಒನ್ ಎ.ಎಂ.’ ಒಂದರಲ್ಲಿ, ಅದು ಹೆಚ್ಚುಕಡಿಮೆ ಚಾಪ್ಲಿನ್‌ನ ಏಕಪಾತ್ರಾಭಿನಯ.

ಹಾಗಾದರೆ ‘ಖಳನಟ’ ಎನ್ನೋಣವೇ? ‘ಈಸಿ ಸ್ಟ್ರೀಟ್’ಗೆ ಅದು ಸಲ್ಲಬಹುದು. ಅಲ್ಲಿ ಈತ ತನ್ನ ತೋಳ್ಬಲ ತೋರಿಸಲು ಬೀದಿದೀಪದ ಕಂಬವನ್ನೇ ಬಗ್ಗಿಸುತ್ತಾನೆ. ಪೊಲೀಸ್ ಪೇದೆಯಾದ ಚಾಪ್ಲಿನ್ ಅವನ ಬೆನ್ನ ಮೇಲೆ ಹಾರಿ, ತಲೆಯನ್ನು ದೀಪದ ಗೂಡಿಗೆ ತುರುಕಿ ಅನಿಲ ಬಿಡುತ್ತಾನೆ. ಆಮೇಲೆ ವೈದ್ಯರ ಗಾಂಭೀರ್ಯದಿಂದ ನಾಡಿ ಹಿಡಿದು ನೋಡಿ ಇನ್ನಷ್ಟು ಬಿಡುತ್ತಾನೆ. ಆದರೆ ‘ದಿ ಇಮಿಗ್ರೆಂಟ್’ನ ಹೋಟೆಲ್ ಮಾಣಿ ಖಳನೇನಲ್ಲ. ಚಾಪ್ಲಿನ್ ಕೊಟ್ಟ ನಾಣ್ಯವನ್ನು ಹಲ್ಲಿನಲ್ಲಿ ಕಚ್ಚಿ, ಅದು ಬಾಗಿದ್ದನ್ನು ಕಂಡು ದುರುಗುಟ್ಟುವ ಆ ಮಾಣಿ ಇಲ್ಲದಿದ್ದರೆ ನಗು ಹುಟ್ಟುವುದೇ ಇಲ್ಲ. ಕಾವ್ಯಮೀಮಾಂಸೆಯ ‘ರಸಪೋಷಣೆ’ಯ ಅರ್ಥ ಹಿಡಿದರೆ ಇವನಿಗಿಂತ ದೊಡ್ಡ ಪೋಷಕ ಯಾರು? ಶಾಸ್ತ್ರ ಒಪ್ಪುತ್ತದೆ, ರೂಢಿ ಒಪ್ಪುವುದಿಲ್ಲ. ನನ್ನ ಪೇಚಾಟವೇ ಅದು.

ಇನ್ನೊಂದು ಅಡ್ಡಿ ಕಾಲದ್ದು. ಆಸ್ಕರ್‌ನಲ್ಲಿ ಪೋಷಕ ಪಾತ್ರಗಳಿಗೆಂದು ಪ್ರತ್ಯೇಕ ಪ್ರಶಸ್ತಿ ಕೊಡತೊಡಗಿದ್ದು 1937ರಲ್ಲಿ. ಕ್ಯಾಂಪ್‌ಬೆಲ್ ಕಾಲದಲ್ಲಿ ಇದ್ದದ್ದು ಒಂದು ಕಾಯಂ ತಂಡ. ‘ದಿ ಇಮಿಗ್ರೆಂಟ್’ ಒಂದರಲ್ಲೇ ಹೆನ್ರಿ ಬರ್ಗ್‌ಮನ್ ಹಡಗಿನ ದಪ್ಪ ಹೆಂಗಸೂ ಹೌದು, ಕೊನೆಗೆ ಬರುವ ಚಿತ್ರಕಲಾವಿದನೂ ಹೌದು. ನಮ್ಮ ನಾಟಕ ಕಂಪನಿಗಳ ಪದ್ಧತಿಗೆ ಇದು ತೀರ ಹತ್ತಿರ. ಹೀಗಾಗಿ ‘ಕಂಪನಿ ನಟ’ ಎಂದು ಬರೆದು ನೋಡಿದೆ. ಓದಿದವರು ಗುಬ್ಬಿ ಕಂಪನಿಯ ನೆನಪಿಗೆ ಜಾರಿಬಿಡುತ್ತಾರೆ. ‘ಸಹನಟ’ ಸಪ್ಪೆ. ‘ಉಪನಟ’ ಎಂದರೆ ಉಪತಹಶೀಲ್ದಾರರ ಸಾಲಿಗೆ ಸೇರಿಸಿದಂತೆ.

ನನಗೆ ಹಿಡಿಸಿರುವುದು ಯಕ್ಷಗಾನದ ‘ಎದುರು ವೇಷ’. ಮುಖ್ಯ ವೇಷಕ್ಕೆ ಇದಿರಾಗಿ ನಿಂತು ಅದರ ಕಳೆ ಹೆಚ್ಚಿಸುವವನು ಎಂಬ ಭಾವ ಅದರಲ್ಲಿದೆ. ಕೆಟ್ಟವನೇ ಆಗಿರಬೇಕೆಂಬ ಕಟ್ಟಳೆ ಇಲ್ಲ. ಹುಬ್ಬಿನ ಆ ಕಪ್ಪು ನೋಡಿ ‘ಬಣ್ಣದ ವೇಷ’ (ಯಕ್ಷಗಾನದ ರಾಕ್ಷಸ ಪಾತ್ರ) ಎನ್ನುವ ಆಸೆಯೂ ಆಯಿತು, ಆದರೆ ಅದು ಅತಿ. ಕರಾವಳಿಯ ಸದಸ್ಯರು ಹೇಳಬೇಕು: ‘ಎದುರು ವೇಷದ ನಟ’ ಎಂದು ಸಿನಿಮಾ ಬರಹದಲ್ಲಿ ಬಳಸಿದರೆ ನಿಮ್ಮ ಕಿವಿಗೆ ಒಪ್ಪುತ್ತದೆಯೇ? ಘಟ್ಟದ ಮೇಲಿನವರಿಗೆ ವಿವರಣೆ ಬೇಕಾದೀತೇ?

ಜೊತೆಗೆ ಒಂದು ಉಪಪ್ರಶ್ನೆ. ಇಂಗ್ಲೆಂಡಿನ ಫ್ರೆಡ್ ಕಾರ್ನೋ ನಾಟಕ ತಂಡದಲ್ಲಿ ಪಳಗಿ ಬಂದ ಕ್ಯಾಂಪ್‌ಬೆಲ್ 1916ರ ಮೇ ತಿಂಗಳಲ್ಲಿ ತೆರೆಗೆ ಬಂದ. 1917ರ ಡಿಸೆಂಬರ್ 20ರಂದು ಲಾಸ್ ಏಂಜಲೀಸ್‌ನಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡ. ಎರಡು ವರ್ಷವೂ ತುಂಬದ ಈ ಅವಧಿಯನ್ನು ‘ಚಿತ್ರಜೀವನ’ ಎನ್ನಬಹುದೇ, ಅಥವಾ ರಂಗಭೂಮಿಯ ವರ್ಷಗಳನ್ನೂ ಕೂಡಿಸಿಕೊಂಡು ‘ವೃತ್ತಿಜೀವನ’ ಎನ್ನುವುದೇ ಸರಿಯೇ? ಹಳೆಯ ಸಿನಿಮಾ ಪತ್ರಿಕೆಗಳಲ್ಲಿ ಇವೆರಡರ ಪ್ರಯೋಗ ಕಂಡವರು ವಾಕ್ಯಸಹಿತ ತಿಳಿಸಿದರೆ ಉಪಕಾರವಾಗುತ್ತದೆ.