ಕಡತದಲ್ಲಿ ದೇವರ ಕಥೆ ಇರಬಹುದಾ?

ಎಲ್ಲರಿಗೂ ನಮಸ್ಕಾರ,

ಒಂದು ಪದದ ಹತ್ತಿರ ಎರಡು ವಾರದಿಂದ ಸಿಕ್ಕಿಹಾಕಿಕೊಂಡಿದ್ದೇನೆ. ನಿಮ್ಮಲ್ಲಿ ಶಾಸನ, ಹಳೆ ಲೆಕ್ಕಪತ್ರ ನೋಡಿದವರಿದ್ದೀರಿ, ಅದಕ್ಕೇ ಕೇಳುತ್ತಿದ್ದೇನೆ.

ಮಕ್ಕಳಿಗೆ ಅಂತ ಒಂದು ಕಲ್ಪನೆಯ ನಾಡಿನ ಕಥೆ ಬರೆಯುತ್ತಿದ್ದೇನೆ. ಒಣ ನಾಡು, ಕುರಿ ಮೇಯಿಸುವ ಜನ, ಜಾಲಿ ಹುಣಸೆ ಬಿಟ್ಟರೆ ಬೇರೆ ಮರ ಇಲ್ಲ. ಅವರ ಹತ್ತಿರ ತುಂಬಾ ಹಳೆಯದೊಂದು ಪುರಾಣ ಇದೆ, ದೇವರುಗಳು ಹೇಗೆ ಹುಟ್ಟಿದರು ಅನ್ನುವುದು. ಅದನ್ನು ಬರೆದಿಟ್ಟಿರುವ ವಸ್ತುವಿಗೆ ಏನಂತ ಕರೆಯಲಿ?

ತಾಳೆಗರಿ ಅನ್ನುವ ಹಾಗಿಲ್ಲ, ತಾಳೆ ಮರವೇ ಇಲ್ಲ. ಓಲೆಗೂ ಅದೇ ತೊಂದರೆ, ಮೇಲಾಗಿ 'ಗುಹೆಯಲ್ಲಿ ಓಲೆ ಸಿಕ್ಕಿತು' ಅಂತ ಬರೆದರೆ ಯಾರೋ ಜಾತ್ರೆಯಲ್ಲಿ ಕಳೆದುಕೊಂಡ ಕಿವಿಯೋಲೆ ಅಂದುಕೊಳ್ಳುತ್ತಾರೆ. ಹೊತ್ತಗೆ ಚೆನ್ನಾಗಿದೆ, ಪುಸ್ತಕ ಅನ್ನುವುದರ ತದ್ಭವ, ಆದರೆ ಈಗ ಅದನ್ನು ಕೇಳಿದರೆ ನನ್ನ ಕಣ್ಣಿಗೆ ಬರುವುದು ರಟ್ಟು ಹಾಕಿದ ಅಚ್ಚಿನ ಪುಸ್ತಕ. ಹಸ್ತಪ್ರತಿ ಅಂತೂ ಬೇಡವೇ ಬೇಡ. ಅಚ್ಚುಮೊಳೆಯೇ ಗೊತ್ತಿಲ್ಲದ ಜನ ತಮ್ಮ ಪುಸ್ತಕಕ್ಕೆ 'ಕೈಯಲ್ಲಿ ಬರೆದದ್ದು' ಅಂತ ಯಾಕೆ ಹೆಸರಿಡುತ್ತಾರೆ? ಬೇರೆ ಥರ ಬರೆಯಬಹುದು ಅಂತ ಗೊತ್ತಿದ್ದವರಿಗೆ ಮಾತ್ರ ಆ ಮಾತು ಬೇಕು. ಇಂಥ ಕಥೆಗಳಲ್ಲಿ ಸುರುಳಿ ಅನ್ನುವವರು ಜಾಸ್ತಿ, ಆದರೆ ನನ್ನದು ಸುತ್ತುವ ವಸ್ತು ಅಲ್ಲ, ಮಡಿಸುವಂಥದ್ದು.

ಹಾಗಾಗಿ ಕಡತ ಅಂತ ಇಟ್ಟೆ. ಹಳೆಯ ಅರ್ಥದ ಕಡತ. ಬಟ್ಟೆಗೆ ಹುಣಸೆಬೀಜದ ಅಂಟು ಬಳಿದು, ಇದ್ದಿಲಿನ ಪುಡಿ ಸೇರಿಸಿ ಕಪ್ಪು ಮಾಡಿ, ಒಣಗಿಸಿ, ಬೀಸಣಿಗೆಯ ಹಾಗೆ ಹಿಂದೆ ಮುಂದೆ ಮಡಿಸಿ, ಮೇಲೆ ಬಳಪದಲ್ಲಿ ಬರೆಯುವುದು. ಕಪ್ಪು ಹಲಗೆ, ಬಿಳಿ ಅಕ್ಷರ. 1894ರ ಕಿಟ್ಟೆಲ್ ನಿಘಂಟಿನಲ್ಲೂ ಕಡತ ಅಂದರೆ ಇದೇ. ಸುಮ್ನೆ ಇರಲಾರದೆ ನಾನೇ ಒಂದು ಮಾಡಿಯೂ ನೋಡಿದೆ. ಹಳೆ ಪಂಚೆಯ ತುಂಡು, ಹುರಿದು ಸಿಪ್ಪೆ ತೆಗೆದ ಹುಣಸೆಬೀಜ ಪುಡಿ ಮಾಡಿ ಕುದಿಸಿದ ಅಂಟು (ಕಂಬಳಿ ನೇಯುವವರು ಹಾಸಿನ ನೂಲಿಗೆ ಹಚ್ಚುತ್ತಾರಲ್ಲ, ಅದೇ). ಮೊದಲ ಸಲ ಅಂಟು ದಪ್ಪವಾಗಿ ಮಡಿಕೆ ಇದ್ದಲ್ಲೆಲ್ಲಾ ಬಿರುಕು ಬಿಟ್ಟು ಪುಡಿ ಉದುರಿತು, ಅಡುಗೆಮನೆ ಕಪ್ಪಾಗಿ ಮನೆಯಲ್ಲಿ ಬೈಸಿಕೊಂಡೆ. ಎರಡನೇ ಸಲ ತೆಳ್ಳಗೆ ಬಳಿದೆ, ಸರಿಹೋಯಿತು. ಬರೆದದ್ದನ್ನು ಒದ್ದೆ ಬಟ್ಟೆಯಲ್ಲಿ ಒರೆಸಿದರೆ ಹೋಗುತ್ತದೆ, ಆದರೆ ಪೂರ್ತಿ ಹೋಗುವುದಿಲ್ಲ, ಬೆಳಕಿಗೆ ಓರೆಯಾಗಿ ಹಿಡಿದರೆ ಹಳೆ ಅಕ್ಷರದ ಗೀರು ಕಾಣುತ್ತದೆ.

ನನ್ನ ಕಥೆ ನಿಂತಿರುವುದೇ ಅದರ ಮೇಲೆ. ಪ್ರತಿ ಹೊಸ ರಾಜ ಬಂದಾಗ ಪುರಾಣದ ಒಂದು ಮಡಿಕೆ ಒರೆಸಿ ತನ್ನ ಕುಲದೇವರ ಹೆಸರು ಬರೆಸುತ್ತಾನೆ, ಕೆಳಗೆ ಹಳೆ ದೇವರ ಹೆಸರು ಮಸುಕಾಗಿ ಉಳಿದಿರುತ್ತದೆ. ತಾಳೆಗರಿಯ ಮೇಲೆ ಕಂಟದಿಂದ (ಬರೆಯುವ ಚೂಪು ಕಬ್ಬಿಣದ ಕಡ್ಡಿ) ಕೊರೆದದ್ದನ್ನು ಹೀಗೆ ಒರೆಸೋಕೆ ಆಗಲ್ಲ, ಅಲ್ವಾ? ಅದಕ್ಕೇ ಕಡತವೇ ಬೇಕು.

ಮೊದಲ ಅಧ್ಯಾಯವನ್ನು ಅಕ್ಕನ ಮಗಳಿಗೆ ಓದಲು ಕೊಟ್ಟೆ, ಎಂಟನೇ ಕ್ಲಾಸು. 'ಏಳು ಕಡತಗಳಲ್ಲಿ ದೇವರ ಹುಟ್ಟಿನ ಕಥೆ ಇತ್ತು' ಅನ್ನುವ ಸಾಲಿಗೆ ಬಂದವಳೇ ತಲೆ ಎತ್ತಿ, 'ಮಾಮಾ, ದೇವರು ಹುಟ್ಟಿದ್ದು ತಾಲೂಕು ಆಫೀಸಲ್ಲಾ?' ಅಂದಳು. ಅವಳ ತಪ್ಪಿಲ್ಲ. ಕಡತ ವಿಲೇವಾರಿ, ಕಡತ ನಾಪತ್ತೆ, ಪೇಪರಿನಲ್ಲಿ ಓದುವುದು ಅದನ್ನೇ.

ಹಳೆ ಒಳ್ಳೆ ಪದವನ್ನು ಸರ್ಕಾರಿ ಕಚೇರಿ ಕೆಡಿಸಿದೆ ಅಂತ ಬೈದುಕೊಂಡು ಹುಡುಕಲು ಕೂತೆ. ಆಮೇಲೆ ನೋಡಿದರೆ ಬೇರೆಯೇ. ಕಲ್ಯಾಣದ ಚಾಲುಕ್ಯರ ಶಾಸನಗಳಲ್ಲಿ 'ಕಡಿತವೆರ್ಗಡೆ' ಅನ್ನುವ ಅಧಿಕಾರಿ ಬರುತ್ತಾನೆ, ಲೆಕ್ಕಪತ್ರ ನೋಡಿಕೊಳ್ಳುವವನು. ಕಡಿತ ಅಂದರೆ ಇದೇ ಕಡತ. (ಈಗ ಕಡಿತ ಅಂದರೆ ಸಂಬಳ ಕಡಿತ, ಅದು ಬೇರೆ ಪದ.) ಶೃಂಗೇರಿ ಮಠದ ಕಡತಗಳು ಹೆಸರಾದವು, ಅವುಗಳಲ್ಲೂ ಹೆಚ್ಚಾಗಿ ಇರುವುದು ಮಠದ ವ್ಯವಹಾರದ ದಾಖಲೆ. ಅದೇ ಮೂಡುಬಿದಿರೆಯ ಧವಳ, ಜಯಧವಳ ಇವೆಯಲ್ಲ, ಪ್ರಾಕೃತವನ್ನು ಹಳಗನ್ನಡ ಲಿಪಿಯಲ್ಲಿ ಬರೆದ ಜೈನ ಧರ್ಮಗ್ರಂಥಗಳು, ಅವೆಲ್ಲ ತಾಳೆಗರಿಯ ಮೇಲಿವೆ. ಅಂದರೆ ದೇವರ ಮಾತು ಗರಿಗೆ, ದುಡ್ಡಿನ ಮಾತು ಕಡತಕ್ಕೆ. ಸಾವಿರ ವರ್ಷದ ಹಿಂದೆಯೇ ಕಡತ ಕಚೇರಿಯ ವಸ್ತುವಾಗಿತ್ತು, ಹುಡುಗಿ ಹೇಳಿದ್ದೇ ಸರಿ!

ಈಗ ನನಗೆ ಪದ ಬಿಡುವ ಮನಸ್ಸಿಲ್ಲ. ದೇವರ ಹೆಸರನ್ನು ಸಾಲದ ಬಾಕಿಯ ಹಾಗೆ ಬರೆದು ಒರೆಸುವ ಜನ ಅಂತ ಕಥೆಯನ್ನೇ ಸ್ವಲ್ಪ ತಿರುಗಿಸಬಹುದು ಅನ್ನಿಸುತ್ತಿದೆ. ಆದರೆ ಓದುಗರ ಕಿವಿಗೆ ಫೈಲು ಕೇಳಿಸದ ಹಾಗೆ ಹೇಗೆ ಹೇಳಲಿ? 'ಕರಿಕಡತ' ಅಂದರೆ ಕಪ್ಪು ಬಟ್ಟೆ ನೆನಪಾಗುತ್ತದಾ, ಅಥವಾ ಲಂಚದ ಲೆಕ್ಕ ಅನ್ನಿಸುತ್ತದಾ? 'ಕಡಿತ' ಅಂತ ಹಳೆ ರೂಪ ಇಟ್ಟರೆ ನಾಯಿ ಕಡಿತ ಅಂದುಕೊಳ್ಳುತ್ತಾರೆ ಅಂತ ಭಯ.

ಇನ್ನೆರಡು ಪ್ರಶ್ನೆ. ಕಡತದಲ್ಲಿ ಕಾವ್ಯವನ್ನೋ, ಹಾಡನ್ನೋ, ದೇವರ ಕಥೆಯನ್ನೋ ಬರೆದದ್ದು ಯಾರಾದರೂ ಕಣ್ಣಾರೆ ನೋಡಿದ್ದೀರಾ? ಲೆಕ್ಕ ಬಿಟ್ಟು ಬೇರೆ ಏನೇ ಆದರೂ ಸರಿ. ಇನ್ನೊಂದು, ತಾಳೆಯ ಕಟ್ಟಿನಲ್ಲಿ ಒಂದೊಂದಕ್ಕೆ ಗರಿ ಅನ್ನುತ್ತೇವೆ, ಪುಸ್ತಕದಲ್ಲಿ ಹಾಳೆ. ಕಡತದ ಒಂದು ಪಟ್ಟಿಗೆ ಏನನ್ನುತ್ತಿದ್ದರು? ನಾನು ಸದ್ಯಕ್ಕೆ ಮಡಿಕೆ ಅಂತ ಬರೆದಿದ್ದೇನೆ, ಆದರೆ ಮಡಿಕೆ ಅಂದರೆ ಮಡಚಿದ ಗೆರೆಯೂ ಆಗುತ್ತದೆ, ಎರಡು ಗೆರೆಗಳ ನಡುವಿನ ಜಾಗವೂ ಆಗುತ್ತದೆ. ಶಾನುಭೋಗರ ಮನೆತನದವರು ಯಾರಾದರೂ ಇದ್ದರೆ, ಮನೆಯ ಹಿರಿಯರನ್ನು ಒಮ್ಮೆ ಕೇಳಿ ಹೇಳಿ.